ಅಲೀಸಾ ಫ್ರೇಂಡ್ಲಿಖ್: ಸಿನಿಮಾ ನೋಡಿ ನಾಟಕ ಊಹಿಸಿಕೊಳ್ಳುವುದು

ಇವತ್ತು ನಾನು ಮಾತಾಡುವ ನಟಿಯ ಹೆಸರು ನಿಮ್ಮಲ್ಲಿ ಹಲವರಿಗೆ ಹೊಸದಿರಬಹುದು. ಮುಖ ಮಾತ್ರ ಹೊಸದಲ್ಲ. ರಷ್ಯದ ನಿರ್ದೇಶಕ ತಾರ್ಕೊವ್‌ಸ್ಕಿಯ ‘ಸ್ಟಾಕರ್’ ನೋಡಿದವರು ಇಲ್ಲಿ ಸಾಕಷ್ಟು ಜನ ಇದ್ದೀರಿ. ಆ ಸಿನಿಮಾದ ಕೊನೆಗೆ ಒಬ್ಬ ಹೆಂಗಸು ಸಿಗರೇಟು ಹಚ್ಚಿಕೊಂಡು ಕೂರುತ್ತಾಳೆ. ನೇರವಾಗಿ ನಮ್ಮ ಕಡೆ ನೋಡಿ ತನ್ನ ಮದುವೆಯ ವಿಷಯ ಹೇಳುತ್ತಾಳೆ. ನೆನಪಾಯ್ತು ಅಲ್ವಾ? ಆ ಪಾತ್ರ ಮಾಡಿದವರು ಅಲೀಸಾ ಫ್ರೇಂಡ್ಲಿಖ್.

ನಮ್ಮಂಥವರಿಗೆ ಅವರು ಸಿಕ್ಕಿದ್ದು ಸಿನಿಮಾದಿಂದ. ಹಾಗಾಗಿ ಅವರನ್ನು ಸಿನಿಮಾ ನಟಿ ಅಂತಲೇ ನೆನಪಿಟ್ಟುಕೊಳ್ಳುತ್ತೇವೆ. ಆದರೆ ಅವರ ಬದುಕಿನ ದೊಡ್ಡ ಭಾಗ ಕಳೆದದ್ದು ಒಂದೇ ಊರಿನ ಮೂರು ನಾಟಕ ಮಂದಿರಗಳಲ್ಲಿ. ಸಿನಿಮಾ ಅನ್ನೋದು ಅವರು ನಾಟಕದ ಕೆಲಸದ ನಡುವೆ ಬಿಡುವು ಮಾಡಿಕೊಂಡು ಹೋಗಿ ಮಾಡಿ ಬಂದದ್ದು. ಆ ನಾಟಕಗಳಲ್ಲಿ ಹೆಚ್ಚಿನವು ನಮಗೆ ಇನ್ನು ನೋಡಲು ಸಿಗುವುದಿಲ್ಲ. ಪರದೆ ಬಿದ್ದ ಮೇಲೆ ನಾಟಕ ಮುಗಿದೇ ಹೋಯಿತು. ಅದಕ್ಕೇ ನಾನು ಇವತ್ತು ಒಂದು ಕೆಲಸ ಮಾಡಬೇಕು ಅಂತಿದ್ದೇನೆ. ಉಳಿದಿರುವ ಸಿನಿಮಾಗಳ ಒಳಗೆ ಆ ರಂಗನಟಿಯನ್ನು ಹುಡುಕೋಣ. ಖಂಡಿತ ಸಿಗುತ್ತಾರೆ.

ಊರು ಲೆನಿನ್‌ಗ್ರಾಡ್, ಇವತ್ತಿನ ಸೇಂಟ್ ಪೀಟರ್ಸ್‌ಬರ್ಗ್. ಹುಟ್ಟಿದ್ದು 1934ರ ಡಿಸೆಂಬರ್ 8ಕ್ಕೆ. ಅಪ್ಪ ಬ್ರೂನೊ ಫ್ರೇಂಡ್ಲಿಖ್ ಕೂಡ ನಟರು. ಹೆಸರೇ ಹೇಳುವ ಹಾಗೆ ಜರ್ಮನ್ ಮೂಲದ ಮನೆತನ. ಎಷ್ಟೋ ತಲೆಮಾರಿನ ಹಿಂದೆ ರಷ್ಯಾಕ್ಕೆ ಬಂದು ನೆಲೆಸಿದವರು. 1941ರಲ್ಲಿ ಯುದ್ಧ ಶುರುವಾಯಿತು. ಅಪ್ಪ ಕೆಲಸ ಮಾಡುತ್ತಿದ್ದ ಮಕ್ಕಳ ರಂಗಭೂಮಿಯನ್ನು ತಾಷ್ಕೆಂಟಿಗೆ ಕಳಿಸಿದರು. ಅಪ್ಪ ಅದರ ಜೊತೆ ಹೋದರು. ಅಮ್ಮ, ಅಜ್ಜಿ, ಹುಡುಗಿ ಊರಲ್ಲೇ ಉಳಿದರು.

ಆಮೇಲೆ ಆದದ್ದು ನಿಮಗೆ ಗೊತ್ತು. 1941ರ ಸೆಪ್ಟೆಂಬರ್ 8ರಿಂದ 1944ರ ಜನವರಿ 27ರವರೆಗೆ, 872 ದಿನ, ಜರ್ಮನ್ ಸೇನೆ ಆ ಊರನ್ನು ಮುತ್ತಿಗೆ ಹಾಕಿ ಕೂತಿತ್ತು. ಮೊದಲ ಚಳಿಗಾಲ ಎಲ್ಲಕ್ಕಿಂತ ಘೋರ. 1941ರ ನವೆಂಬರ್ ಕೊನೆಯಿಂದ ಡಿಸೆಂಬರ್ ಕೊನೆಯವರೆಗೆ ಮಕ್ಕಳಿಗೆ, ಮುದುಕರಿಗೆ, ಕಚೇರಿ ನೌಕರರಿಗೆ ದಿನಕ್ಕೆ ಸಿಗುತ್ತಿದ್ದದ್ದು 125 ಗ್ರಾಂ ಬ್ರೆಡ್. ಅದರಲ್ಲೂ ಹಿಟ್ಟಿನ ಜೊತೆ ಬೇರೆ ಪದಾರ್ಥ ಸಾಕಷ್ಟು ಬೆರೆಸಿರುತ್ತಿದ್ದರು. ಜನ ಬಡಗಿಯ ಗೋಂದನ್ನು ಕುದಿಸಿ ತಿಂದರು.

ಆ ದಿನಗಳ ಬಗ್ಗೆ ಫ್ರೇಂಡ್ಲಿಖ್ ಸಂದರ್ಶನಗಳಲ್ಲಿ ಮತ್ತೆ ಮತ್ತೆ ಹೇಳಿರುವುದು ಅಜ್ಜಿಯ ವಿಷಯ. ಅಜ್ಜಿ ಬ್ರೆಡ್ಡನ್ನು ಸಣ್ಣ ತುಂಡು ಮಾಡಿ ಇಡುತ್ತಿದ್ದರು. ಗಡಿಯಾರ ನೋಡಿ, ಹೊತ್ತಿಗೆ ಸರಿಯಾಗಿ ಒಂದು ತುಂಡು. ಮಗು ಎಷ್ಟು ಕೇಳಿದರೂ ಹೊತ್ತಿಗೆ ಮುಂಚೆ ಕೊಡುತ್ತಿರಲಿಲ್ಲ. ಒಂದೇ ಸಲಕ್ಕೆ ತಿಂದು ಮುಗಿಸಿದವರು ಉಳಿಯಲಿಲ್ಲ ಅನ್ನುವುದು ಆ ಊರಿನವರು ಕಣ್ಣಾರೆ ಕಂಡಿದ್ದ ಸತ್ಯ. ಏಳು ತುಂಬುವ ಮೊದಲೇ ಗಡಿಯಾರದ ಮುಳ್ಳು ನೋಡುತ್ತಾ ಕಾಯಲು ಕಲಿತ ಮಗು ಅದು.

ಇದನ್ನು ಹೇಳಿದ್ದು ಕನಿಕರ ಹುಟ್ಟಿಸಲಿಕ್ಕಲ್ಲ. ಅವರ ನಟನೆಯಲ್ಲಿ ನನಗೆ ಮೊದಲು ಕಾಣುವ ಗುಣ ಅಂದರೆ ಈ ಹಿಡಿತ. ಭಾವನೆಯನ್ನು ಒಂದೇ ಸಲಕ್ಕೆ ಸುರಿದುಬಿಡುವುದಿಲ್ಲ. ಅದು ಮುತ್ತಿಗೆಯಿಂದಲೇ ಬಂತು ಅಂತ ನಾನು ಹೇಳುವುದಿಲ್ಲ, ಹಾಗೆ ಹೇಳುವುದು ಸುಲಭದ ಮಾತಾಗುತ್ತದೆ. ಆದರೆ ಇದು ಮನಸ್ಸಲ್ಲಿರಲಿ, ಮುಂದೆ ಬೇಕಾಗುತ್ತದೆ.

ಯುದ್ಧ ಮುಗಿಯಿತು. ಅಪ್ಪ ಬೇರೆ ಸಂಸಾರ ಹೂಡಿದ್ದರು. 1953ರಲ್ಲಿ ಅಲೀಸಾ ಲೆನಿನ್‌ಗ್ರಾಡಿನ ನಾಟಕ ಶಾಲೆ ಸೇರಿದರು. ಗುರುಗಳು ಬರೀಸ್ ಜೋನ್. ರಷ್ಯದ ದೊಡ್ಡ ರಂಗಗುರು ಸ್ತನಿಸ್ಲಾವ್‌ಸ್ಕಿಯ ದಾರಿಯನ್ನು ಶ್ರದ್ಧೆಯಿಂದ ಹಿಡಿದ ಮೇಷ್ಟ್ರು. ಮುಂದೆ ಜಗತ್ತಿಗೆಲ್ಲ ಗೊತ್ತಾದ ನಿರ್ದೇಶಕ ಲೆವ್ ದೋದಿನ್ ಕೂಡ ಇವರ ಶಿಷ್ಯರೇ. ಅಲೀಸಾ ಓದುತ್ತಿದ್ದಾಗಲೇ, 1954ರಲ್ಲಿ, ಅದೇ ಊರಿನ ಪುಷ್ಕಿನ್ ರಂಗಮಂದಿರದಲ್ಲಿ ನಿರ್ದೇಶಕ ಕೋಜಿಂತ್ಸೆವ್ ‘ಹ್ಯಾಮ್ಲೆಟ್’ ಮಾಡಿಸಿದರು. ಹ್ಯಾಮ್ಲೆಟ್ ಯಾರು? ಬ್ರೂನೊ ಫ್ರೇಂಡ್ಲಿಖ್. ಇದೇ ಕೋಜಿಂತ್ಸೆವ್ ಹತ್ತು ವರ್ಷದ ಮೇಲೆ ನಟ ಸ್ಮೊಕ್ತುನೋವ್‌ಸ್ಕಿಯವರನ್ನು ಹಾಕಿ ಆ ಪ್ರಸಿದ್ಧ ಸಿನಿಮಾ ಮಾಡಿದ್ದು. ಆದರೆ ಊರಿನವರು ಮೊದಲು ನೋಡಿದ್ದು ಬ್ರೂನೊ ಅವರ ಹ್ಯಾಮ್ಲೆಟ್. ಅಪ್ಪ ಹ್ಯಾಮ್ಲೆಟ್ ಆಡುತ್ತಿರುವ ಊರಲ್ಲಿ ಮಗಳು ನಟನೆ ಕಲಿಯುವುದು ಅಷ್ಟು ಸುಲಭದ ವಿಷಯವಲ್ಲ.

1957ರಲ್ಲಿ ಓದು ಮುಗಿಸಿ ಸೇರಿದ ಮೊದಲ ಮಂದಿರದ ಕಥೆಯನ್ನೂ ಹೇಳಿಬಿಡುತ್ತೇನೆ. ಅದಕ್ಕೆ ಆಮೇಲೆ ಕಮಿಸ್ಸರ್ಜೆವ್‌ಸ್ಕಾಯಾ ಅನ್ನುವ ನಟಿಯ ಹೆಸರಿಟ್ಟರು. ಅದು ಹುಟ್ಟಿದ್ದು 1942ರ ಅಕ್ಟೋಬರಿನಲ್ಲಿ, ಮುತ್ತಿಗೆ ನಡೆಯುತ್ತಿದ್ದಾಗಲೇ. ಬಾಂಬು ಬೀಳುವ ಊರಲ್ಲಿ, ಹಸಿದ ಜನಕ್ಕಾಗಿ, ಹಸಿದ ನಟರು ಶುರು ಮಾಡಿದ ತಂಡ. ನಾಟಕ ಅನ್ನುವುದು ಹೊಟ್ಟೆ ತುಂಬಿದ ಮೇಲಿನ ಮಾತು ಅಂತ ಯಾರಾದರೂ ಅಂದರೆ ನಾನು ಅವರಿಗೆ ಈ ಮಂದಿರದ ಕಥೆ ಹೇಳುತ್ತೇನೆ.

ಅಲ್ಲಿ ನಾಲ್ಕು ವರ್ಷ. ಗಿಡ್ಡ ಆಳು, ಸಣಕಲು ಮೈ, ಚೂಪು ಮುಖ. ಇಂಥ ನಟಿಯರಿಗೆ ಆ ಕಾಲದ ರಷ್ಯನ್ ರಂಗಭೂಮಿಯಲ್ಲಿ ಒಂದು ಗೊತ್ತಾದ ಜಾಗ ಇತ್ತು. ಹುಡುಗರ ಪಾತ್ರ, ಚಿಕ್ಕ ಹುಡುಗಿಯರ ಪಾತ್ರ. ಎಷ್ಟೋ ನಟಿಯರು ಜೀವನವಿಡೀ ಚಡ್ಡಿ ಹಾಕಿಕೊಂಡು ಹುಡುಗರಾಗಿಯೇ ನಿವೃತ್ತರಾದರು. ಫ್ರೇಂಡ್ಲಿಖ್ ಅವರ ದಾರಿಯೂ ಹಾಗೇ ಆಗಿಬಿಡಬಹುದಿತ್ತು.

ಆಗಲಿಲ್ಲ. 1961ರಲ್ಲಿ ಅವರು ಲೆನ್‌ಸೊವೆಟ್ ರಂಗಮಂದಿರಕ್ಕೆ ಬಂದರು. ಅಲ್ಲಿ ಒಂದು ವರ್ಷದ ಹಿಂದಷ್ಟೇ ಮುಖ್ಯ ನಿರ್ದೇಶಕರಾಗಿದ್ದವರು ಈಗೊರ್ ವ್ಲದಿಮೀರೊವ್. ಆಮೇಲೆ ಮದುವೆಯೂ ಆದರು. 1983ರವರೆಗೆ, 22 ವರ್ಷ, ಫ್ರೇಂಡ್ಲಿಖ್ ಆ ಮಂದಿರದಲ್ಲಿದ್ದರು.

ಇಲ್ಲಿ ಸ್ವಲ್ಪ ನಿಲ್ಲಬೇಕು. ರಷ್ಯದ ರೆಪರ್ಟರಿ ಪದ್ಧತಿ ಹೇಗಿರುತ್ತದೆ ಅಂತ ತಿಳಿಯದೆ ಈ 22 ವರ್ಷ ಅರ್ಥವಾಗುವುದಿಲ್ಲ. ನಮ್ಮಲ್ಲಿ ಮೈಸೂರಿನ ರಂಗಾಯಣ ಇದೆ, ಹೆಗ್ಗೋಡಿನ ತಿರುಗಾಟ ಇದೆ. ಹಾಗಾಗಿ ಸಂಬಳದ ನಟರು, ಒಂದೇ ತಂಡ, ಕೆಲವು ನಾಟಕಗಳು ಅನ್ನುವ ಕಲ್ಪನೆ ನಿಮಗಿದೆ. ಅಲ್ಲಿ ಇದರ ಗಾತ್ರ ದೊಡ್ಡದು. ಒಂದು ನಾಟಕ ತಯಾರಾದರೆ ಅದು ವರ್ಷಗಟ್ಟಲೆ ಪಟ್ಟಿಯಲ್ಲಿ ಉಳಿಯುತ್ತದೆ. ತಿಂಗಳಿಗೆ ಕೆಲವು ಸಲ ಬರುತ್ತದೆ. ಒಬ್ಬ ನಟಿಯ ಕೈಯಲ್ಲಿ ಏಕಕಾಲಕ್ಕೆ ಹಲವು ಪಾತ್ರ. ಇವತ್ತು ಒಂದು, ನಾಳೆ ಇನ್ನೊಂದು. ಹಳೆಯದು ಮರೆಯುವ ಹಾಗಿಲ್ಲ, ಹೊಸದರ ತಾಲೀಮು ಬೆಳಿಗ್ಗೆ ನಡೆಯುತ್ತಲೇ ಇರುತ್ತದೆ.

ಈಗ ಲೆನ್‌ಸೊವೆಟ್ಟಿನಲ್ಲಿ ಅವರು ಮಾಡಿದ ಪಾತ್ರಗಳನ್ನು ನೋಡಿ. ಶಾ ಬರೆದ ‘ಪಿಗ್ಮೇಲಿಯನ್’ನ ಎಲೈಜಾ. ಜೂಲಿಯೆಟ್. ಬ್ರೆಕ್ಟ್‌ನ ‘ಮೂರು ಕಾಸಿನ’ ನಾಟಕದ ಪಾಲಿ. 1969ರಲ್ಲಿ, 34 ದಾಟಿದ್ದಾಗ, ಆಸ್ಟ್ರಿಡ್ ಲಿಂಡ್‌ಗ್ರೆನ್ ಕಥೆಯ ಪುಟ್ಟ ಹುಡುಗ. ಬೆನ್ನಿಗೆ ಫ್ಯಾನು ಕಟ್ಟಿಕೊಂಡು ಹಾರಾಡುವ ಕಾರ್ಲ್‌ಸನ್‌ನ ಗೆಳೆಯ, ಅವನೇ. ಮರುವರ್ಷ ಶೇಕ್ಸ್‌ಪಿಯರನ ‘ಟೇಮಿಂಗ್ ಆಫ್ ದಿ ಶ್ರೂ’ ನಾಟಕದ ಗಯ್ಯಾಳಿ ಕ್ಯಾಥರೀನಾ. ಅದರ ಮರುವರ್ಷ, 1971ರಲ್ಲಿ, ದಸ್ತಯೇವ್‌ಸ್ಕಿಯ ‘ಅಪರಾಧ ಮತ್ತು ಶಿಕ್ಷೆ’ಯ ಕತೆರೀನಾ ಇವಾನೊವ್ನಾ. ಕ್ಷಯ ಹಿಡಿದ ವಿಧವೆ, ಕೊನೆಗೆ ಬುದ್ಧಿ ಕಲಕಿ ಮಕ್ಕಳನ್ನು ಬೀದಿಗೆ ಕರೆತಂದು ಕುಣಿಸುವವಳು.

ಮೂರು ವರ್ಷದೊಳಗೆ ಪುಟ್ಟ ಹುಡುಗ, ಗಯ್ಯಾಳಿ ಸುಂದರಿ, ಸಾಯುತ್ತಿರುವ ಹುಚ್ಚಿ. ಸುಮ್ನೆ ಯೋಚನೆ ಮಾಡಿ, ಇವು ಮೂರೂ ಒಂದೇ ಪಟ್ಟಿಯಲ್ಲಿ ಇರುವ ಕಾಲ. ಒಂದೇ ವಾರದಲ್ಲಿ ಒಂದೇ ಗಂಟಲು, ಒಂದೇ ಬೆನ್ನು, ಒಂದೇ ಜೋಡಿ ಕಾಲು ಇವರೆಲ್ಲರೂ ಆಗಬೇಕು. ಇಂಥ ನಟಿಗೆ ಮೇಕಪ್ಪಿನ ಮೇಲೆ ಭರವಸೆ ಇಟ್ಟು ಬದುಕಲಾಗುವುದಿಲ್ಲ. ನಡಿಗೆ ಬದಲಾಗಬೇಕು, ಉಸಿರು ಬದಲಾಗಬೇಕು, ಎಲ್ಲಕ್ಕಿಂತ ಜಾಸ್ತಿ ಧ್ವನಿ ಬದಲಾಗಬೇಕು. ಫ್ರೇಂಡ್ಲಿಖ್ ಅವರ ಧ್ವನಿ ಸ್ವಲ್ಪ ಒಡೆದಂತಿರುವ ಧ್ವನಿ. ಅದರಲ್ಲಿ ಮಗುವೂ ಇದೆ, ತುಂಬ ಬದುಕು ನೋಡಿದ ಹೆಂಗಸೂ ಇದ್ದಾಳೆ. ವ್ಲದಿಮೀರೊವ್ ಹಾಡುಗಳಿರುವ ನಾಟಕಗಳನ್ನು ಇಷ್ಟಪಡುತ್ತಿದ್ದವರು. ಹಾಗಾಗಿ ಅಲ್ಲಿ ಫ್ರೇಂಡ್ಲಿಖ್ ಹಾಡುತ್ತಲೂ ಇದ್ದರು.

ಈ ಪಟ್ಟಿಯಲ್ಲಿ ಒಂದನ್ನು ಬೇಕಂತಲೇ ಬಿಟ್ಟಿದ್ದೆ. 1965ರ ‘ನನ್ನ ಬಡಪಾಯಿ ಮರಾತ್’. ಅಲೆಕ್ಸೇಯ್ ಅರ್ಬೂಜೊವ್ ಬರೆದದ್ದು. ಮೂರೇ ಪಾತ್ರ. 1942, ಮುತ್ತಿಗೆಯ ಲೆನಿನ್‌ಗ್ರಾಡ್. ಬಾಂಬಿನಿಂದ ಹಾಳಾದ ಕಟ್ಟಡದ ಒಂದು ಮನೆಯಲ್ಲಿ ದಿಕ್ಕಿಲ್ಲದ ಮೂವರು ಹದಿಹರೆಯದವರು ಸೇರುತ್ತಾರೆ. ಲೀಕಾ ಅನ್ನುವ ಹುಡುಗಿ, ಇಬ್ಬರು ಹುಡುಗರು. ಇಬ್ಬರಿಗೂ ಅವಳ ಮೇಲೆ ಪ್ರೀತಿ. ನಾಟಕ 1942ರಿಂದ 1946ಕ್ಕೆ, ಅಲ್ಲಿಂದ 1959ಕ್ಕೆ ಬರುತ್ತದೆ. ಮಕ್ಕಳು ದೊಡ್ಡವರಾಗುತ್ತಾರೆ, ತಪ್ಪು ಆಯ್ಕೆ ಮಾಡುತ್ತಾರೆ, ಬಿಡಿಸಿಕೊಳ್ಳಲು ಒದ್ದಾಡುತ್ತಾರೆ. ಲೀಕಾ ಆಗಿ ನಿಂತವರು ಫ್ರೇಂಡ್ಲಿಖ್.

ನೋಡುತ್ತಿದ್ದವರು ಯಾರು? ಅದೇ ಊರಿನವರು. ಮುತ್ತಿಗೆ ಮುಗಿದು ಇಪ್ಪತ್ತೇ ವರ್ಷ ಆಗಿತ್ತು. ಸಾಲು ಸಾಲಾಗಿ ಕೂತವರಲ್ಲಿ ಎಷ್ಟೋ ಜನ ಅಪ್ಪನನ್ನೋ ತಂಗಿಯನ್ನೋ ಆ ಚಳಿಗಾಲದಲ್ಲಿ ಕಳೆದುಕೊಂಡವರು. ವೇದಿಕೆ ಮೇಲೆ ನಿಂತ ಫ್ರೇಂಡ್ಲಿಖ್ ಕೂಡ ಆ 125 ಗ್ರಾಂ ತಿಂದು ಉಳಿದವರು. ಅಂಥ ಕಡೆ ಹಸಿವನ್ನು ಅಭಿನಯಿಸಿ ತೋರಿಸಬೇಕಾಗಿಲ್ಲ. ಜಾಸ್ತಿ ತೋರಿಸಿದರೆ ಸುಳ್ಳಾಗುತ್ತದೆ, ಎದುರು ಕೂತವರಿಗೆ ತಕ್ಷಣ ಗೊತ್ತಾಗುತ್ತದೆ. ಇಂಥ ಪ್ರೇಕ್ಷಕರ ಮುಂದೆ ಬೆಳೆದ ನಟಿ ಅವರು. ‘ಯಾಕೆ ಮಾಸ್ಕೋಗೆ ಹೋಗಲಿಲ್ಲ?’ ಅಂತ ಕೆಲವರು ಕೇಳುತ್ತಾರೆ. ನನಗೆ ಅನ್ನಿಸುವ ಉತ್ತರ ಇದೇ.

ಇನ್ನು ಸಿನಿಮಾ. ಅವರು ವಿದ್ಯಾರ್ಥಿಯಾಗಿದ್ದಾಗಿನಿಂದ ಸಣ್ಣ ಪುಟ್ಟ ಪಾತ್ರ ಮಾಡುತ್ತಿದ್ದರು. ಬಹಳ ಕಾಲ ದೊಡ್ಡ ಪಾತ್ರ ಸಿಗಲಿಲ್ಲ. ನಿರ್ದೇಶಕ ಎಲ್ದಾರ್ ರಿಯಾಜಾನೊವ್ ಅವರ ಕಥೆ ಇಲ್ಲಿ ಬಹಳ ಸ್ವಾರಸ್ಯದ್ದು. 1962ರ ‘ಹುಸ್ಸಾರ್ ಬ್ಯಾಲಡ್’ ಅನ್ನುವ ಸಿನಿಮಾಕ್ಕೆ ಅವರು ನಾಯಕಿಯನ್ನು ಹುಡುಕುತ್ತಿದ್ದರು. ನೆಪೋಲಿಯನ್ ಯುದ್ಧದ ಕಾಲ. ಹುಡುಗಿಯೊಬ್ಬಳು ಗಂಡು ವೇಷ ಹಾಕಿ ಕುದುರೆ ಸೈನ್ಯ ಸೇರುತ್ತಾಳೆ. ಫ್ರೇಂಡ್ಲಿಖ್ ಬಂದು ಪರೀಕ್ಷೆ ಕೊಟ್ಟರು. ಅಭಿನಯ ಚೆನ್ನಾಗಿಯೇ ಇತ್ತು. ಆದರೆ ಸಮವಸ್ತ್ರ ಹಾಕಿ ನಿಂತಾಗ ಇವಳು ಹೆಣ್ಣು ಅಂತ ಗೊತ್ತಾಗಿಬಿಡುತ್ತದೆ ಅಂತ ನಿರ್ದೇಶಕರಿಗೆ ಅನ್ನಿಸಿತು. ಪಾತ್ರ ಲರೀಸಾ ಗೊಲುಬ್ಕಿನಾ ಅವರಿಗೆ ಹೋಯಿತು.

ಇಲ್ಲಿ ಗಮನಿಸಿ. ರಂಗದ ಮೇಲೆ ಹುಡುಗರ ಪಾತ್ರ ಮಾಡಿ ಜನರನ್ನು ನಂಬಿಸುತ್ತಿದ್ದ ನಟಿ. ಕ್ಯಾಮೆರಾ ಮುಂದೆ ಅದೇ ನಡೆಯಲಿಲ್ಲ. ರಂಗದಲ್ಲಿ ಹತ್ತು ಸಾಲು ದೂರದಿಂದ ನಾವು ನೋಡುವುದು ನಡಿಗೆ, ಭುಜ, ದನಿ. ಕ್ಯಾಮೆರಾ ಕಣ್ಣಿನ ಹತ್ತಿರ ಬಂದು ನಿಲ್ಲುತ್ತದೆ. ಅವರ ಕಣ್ಣು ಯಾವತ್ತೂ ತುಂಬು ಹೆಂಗಸಿನ ಕಣ್ಣೇ. ಆ ಕಣ್ಣಿಗೆ ತಕ್ಕ ಪಾತ್ರ ಸಿನಿಮಾದಲ್ಲಿ ಬರಲು ಇನ್ನೂ ಹದಿನೈದು ವರ್ಷ ಬೇಕಾಯಿತು.

ಅದೇ ರಿಯಾಜಾನೊವ್ 1968ರಲ್ಲಿ ಇನ್ನೊಂದು ಸಿನಿಮಾಕ್ಕೆ ಕರೆದಾಗ ಫ್ರೇಂಡ್ಲಿಖ್ ಬಸುರಿ. ಮಗಳು ವರ್ವಾರಾ ಹುಟ್ಟಿದ್ದು ಆ ವರ್ಷವೇ. ಅದೂ ತಪ್ಪಿತು. ಕೊನೆಗೆ ‘ಆಫೀಸ್ ರೊಮಾನ್ಸ್’ ಶುರು ಮಾಡುವಾಗ ರಿಯಾಜಾನೊವ್ ಪರೀಕ್ಷೆ ಗಿರೀಕ್ಷೆ ಏನೂ ಇಟ್ಟುಕೊಳ್ಳದೆ ನೇರವಾಗಿ ಅವರನ್ನೇ ಹಾಕಿಕೊಂಡರು. ಅದು 1977. ಅಂದರೆ ನಾಯಕಿಗೆ ನಲವತ್ತೆರಡು.

‘ಆಫೀಸ್ ರೊಮಾನ್ಸ್’ ಸೋವಿಯತ್ ದೇಶದಲ್ಲಿ 5 ಕೋಟಿ 80 ಲಕ್ಷಕ್ಕೂ ಹೆಚ್ಚು ಜನ ನೋಡಿದ ಸಿನಿಮಾ. ಕಥೆ ಸರಳ. ಮಾಸ್ಕೋದ ಅಂಕಿ ಅಂಶಗಳ ಇಲಾಖೆ. ಅದರ ಮುಖ್ಯಸ್ಥೆ ಲ್ಯುದ್ಮಿಲಾ ಕಲೂಗಿನಾ. ದಪ್ಪ ಚೌಕಟ್ಟಿನ ಕನ್ನಡಕ, ಹಿಂದಕ್ಕೆ ಎಳೆದು ಕಟ್ಟಿದ ಕೂದಲು, ಬಣ್ಣ ಸತ್ತ ಬಟ್ಟೆ. ಕೆಳಗಿನವರಿಗೆ ಅವಳನ್ನು ಕಂಡರೆ ನಡುಕ. ಇಬ್ಬರು ಮಕ್ಕಳಿರುವ, ಹೆಂಡತಿ ಬಿಟ್ಟುಹೋದ ನೊವೊಸೆಲ್ತ್ಸೆವ್ ಅನ್ನುವ ಗುಮಾಸ್ತ ಬಡ್ತಿಯ ಆಸೆಗೆ ಅವಳನ್ನು ಒಲಿಸಿಕೊಳ್ಳಲು ಹೋಗುತ್ತಾನೆ. ಆಮೇಲೆ ನಿಜವಾಗಿಯೂ ಪ್ರೀತಿ ಹುಟ್ಟುತ್ತದೆ. ಆ ಪಾತ್ರ ಆಂದ್ರೇಯ್ ಮ್ಯಾಗ್ಕೊವ್ ಅವರದು. ಕಲೂಗಿನಾಳ ಆ ಕನ್ನಡಕ ಛಾಯಾಗ್ರಾಹಕ ನಹಾಬ್ತ್ಸೆವ್ ತಂದುಕೊಟ್ಟದ್ದು, ಅವರ ತಂದೆಯ ಹಳೆಯ ಕನ್ನಡಕ. ಅದು ಮುಖಕ್ಕೆ ಏರಿದ ಮೇಲೆ ಪಾತ್ರದ ಹೊರರೂಪ ಸಿಕ್ಕಿತು.

ಎಲ್ಲರೂ ನೆನಪಿಟ್ಟಿರುವುದು ಕಲೂಗಿನಾ ಬದಲಾಗಿ ಬರುವ ದಿನವನ್ನು. ಹೊಸ ಬಟ್ಟೆ, ಹೊಸ ಕೇಶಾಲಂಕಾರ, ಇಡೀ ಆಫೀಸು ಬಾಯಿ ಬಿಟ್ಟುಕೊಂಡು ನೋಡುತ್ತದೆ. ನಿಮ್ಮ ಗಮನ ಅದಕ್ಕಿಂತ ಮೊದಲಿನ ಒಂದು ದೃಶ್ಯಕ್ಕೆ ಹೋಗಲಿ ಅಂತ ನನ್ನಾಸೆ. ಹಿಂದಿನ ರಾತ್ರಿ ನೊವೊಸೆಲ್ತ್ಸೆವ್ ಎಲ್ಲರೆದುರು ಅವಳಿಗೆ ಹೃದಯವೇ ಇಲ್ಲ ಅಂದುಬಿಟ್ಟಿರುತ್ತಾನೆ. ಮರುದಿನ ಕ್ಷಮೆ ಕೇಳಲು ಅವಳ ಕೋಣೆಗೆ ಬರುತ್ತಾನೆ. ಅವಳು ಮೊದಲು ಅಧಿಕಾರಿಯ ಗತ್ತಿನಲ್ಲಿ ಮಾತಾಡುತ್ತಾಳೆ. ಹಾಗೇ ಮಾತಾಡುತ್ತಾ ಆಡುತ್ತಾ ಅಳು ಬರುತ್ತದೆ. ಗೆಳತಿಯೊಬ್ಬಳು ತನ್ನ ಪ್ರಿಯಕರನನ್ನು ಮದುವೆಯಾದದ್ದು, ಆಮೇಲೆ ತಾನು ಗೆಳತಿಯರನ್ನೇ ದೂರ ಇಟ್ಟದ್ದು, ಮನೆಗೆ ಹೋಗಲು ಮನಸ್ಸಾಗದೆ ಇರುವುದು, ಎಲ್ಲ ಹೇಳಿಕೊಳ್ಳುತ್ತಾಳೆ.

ಬಟ್ಟೆ ಅದೇ. ಕೂದಲು ಅದೇ. ಆದರೆ ನಮ್ಮೆದುರಿಗೆ ಇರುವವಳು ಬೇರೆ ಹೆಂಗಸು. ಧ್ವನಿ ಆಫೀಸಿನ ಮಟ್ಟದಿಂದ ಕೆಳಗಿಳಿದು, ನಡುವೆ ಒಡೆದು, ಪೆಟ್ಟು ತಿಂದ ಹುಡುಗಿಯ ಧ್ವನಿಯಾಗುತ್ತದೆ. ನಿಜವಾದ ಬದಲಾವಣೆ ಇಲ್ಲೇ ಆಗಿಬಿಟ್ಟಿದೆ. ಬಟ್ಟೆಯ ದೃಶ್ಯ ಬರುವುದು ಆಫೀಸಿನ ಉಳಿದವರಿಗೆ ಗೊತ್ತಾಗಲಿ ಅಂತ. ಲೆನ್‌ಸೊವೆಟ್ಟಿನ ಸಂಜೆಗಳು ನನಗೆ ಕಾಣುವುದು ಈ ದೃಶ್ಯದಲ್ಲಿ. ಹುಡುಗ, ಗಯ್ಯಾಳಿ, ಹುಚ್ಚಿ ಅಂತ ಧ್ವನಿಯಿಂದಲೇ ದಾಟುತ್ತಿದ್ದ ನಟಿ ಇಲ್ಲಿ ಒಂದೇ ಕೋಣೆಯೊಳಗೆ ಆ ದೂರ ದಾಟುತ್ತಾರೆ. ಅಂದಹಾಗೆ ಕಲೂಗಿನಾ ತನಗೆ ಮೂವತ್ತಾರು ವರ್ಷ ಅಂತ ಹೇಳುತ್ತಾಳೆ. ಸಿನಿಮಾದ ಮೊದಲರ್ಧದಲ್ಲಿ ಅವಳು ನಲವತ್ತೈದು ದಾಟಿದವಳ ಹಾಗೆ ನಡೆಯುತ್ತಾಳೆ, ಕೊನೆಗೆ ಮೂವತ್ತಾರನ್ನು ನಂಬಲು ನಮಗೆ ಕಷ್ಟವೇ ಆಗುವುದಿಲ್ಲ.

ಇಲ್ಲೊಂದು ಉಪಕಥೆ ಹೇಳದೆ ಮುಂದೆ ಹೋಗಲಾರೆ. ಈ ಸಿನಿಮಾದಲ್ಲಿ ಫ್ರೇಂಡ್ಲಿಖ್ ಹಾಡಿದ ಒಂದು ಹಾಡು ರಷ್ಯದಲ್ಲಿ ಮನೆಮಾತು. ಪ್ರಕೃತಿಯಲ್ಲಿ ಕೆಟ್ಟ ಹವೆ ಅನ್ನುವುದೇ ಇಲ್ಲ, ಮಳೆ ಹಿಮ ಎರಡನ್ನೂ ಸ್ವೀಕರಿಸಬೇಕು ಅನ್ನುವ ಅರ್ಥದ್ದು. ಸಂಗೀತ ಆಂದ್ರೇಯ್ ಪೆತ್ರೊವ್. ಪದ್ಯ ಬರೆದದ್ದು ಸ್ವತಃ ರಿಯಾಜಾನೊವ್. ಆದರೆ ನಿರ್ದೇಶಕರು ಬರೆದದ್ದು ಅಂದರೆ ಪೆತ್ರೊವ್ ಸಂಕೋಚಪಟ್ಟು ಒಪ್ಪಿಬಿಡಬಹುದು ಅಂತ, ಇದು ವಿಲಿಯಂ ಬ್ಲೇಕ್ ಎಂಬ ಇಂಗ್ಲಿಷ್ ಕವಿಯ ಪದ್ಯ ಅಂತ ಹೇಳಿ ಕೊಟ್ಟರು. ಪೆತ್ರೊವ್‌ಗೆ ಪದ್ಯ ಹಿಡಿಸಿತು, ರಾಗ ಹಾಕಿದರು. ನಿಜ ಗೊತ್ತಾದದ್ದು ಆಮೇಲೆ. ಆ ಹಾಡಿನಲ್ಲಿ ಫ್ರೇಂಡ್ಲಿಖ್ ಗಾಯಕಿಯ ಹಾಗೆ ಹಾಡುವುದಿಲ್ಲ. ಮಾತಿನ ಅಂಚಿನಲ್ಲಿ ನಿಂತು ಹಾಡುತ್ತಾರೆ. ರಂಗದ ನಟರು ಹಾಡುವ ರೀತಿ ಅದು.

‘ಆಫೀಸ್ ರೊಮಾನ್ಸ್’ ಬಂದ ಎರಡೇ ವರ್ಷಕ್ಕೆ, 1979ರಲ್ಲಿ, ‘ಸ್ಟಾಕರ್’. ಅದನ್ನು ಚಿತ್ರಿಸಿದ್ದು ಹೆಚ್ಚಾಗಿ ಎಸ್ಟೋನಿಯಾದ ತಾಲಿನ್ ಸುತ್ತಮುತ್ತ. ಮೊದಲು ಚಿತ್ರಿಸಿದ್ದೆಲ್ಲ ಲ್ಯಾಬಿನಲ್ಲಿ ಹಾಳಾಗಿ, ತಾರ್ಕೊವ್‌ಸ್ಕಿ ಮತ್ತೆ ಮೊದಲಿಂದ ಮಾಡಬೇಕಾಯಿತು. ಆ ಕಷ್ಟದ ಕಥೆ ನಿಮಗೆ ಗೊತ್ತಿದೆ, ಬಿಡಿ. ಸ್ಟಾಕರ್ ಅಂದರೆ ಒಂದು ನಿಷಿದ್ಧ ವಲಯದೊಳಗೆ ಜನರನ್ನು ಕದ್ದು ಕರೆದೊಯ್ಯುವವನು. ಫ್ರೇಂಡ್ಲಿಖ್ ಅವನ ಹೆಂಡತಿ. ಸಿನಿಮಾದ ಶುರುವಿನಲ್ಲಿ ಸ್ವಲ್ಪ ಹೊತ್ತು, ಕೊನೆಯಲ್ಲಿ ಸ್ವಲ್ಪ ಹೊತ್ತು. ಅಷ್ಟೇ.

ಶುರುವಿನಲ್ಲಿ ಗಂಡ ಮತ್ತೆ ಆ ನಿಷಿದ್ಧ ವಲಯಕ್ಕೆ ಹೊರಟಿದ್ದಾನೆ. ಜೈಲಿಗೆ ಹೋಗಿ ಬಂದವನು. ಇವಳು ಬೇಡುತ್ತಾಳೆ, ಬೈಯುತ್ತಾಳೆ. ಅವನು ಹೋದ ಮೇಲೆ ನೆಲಕ್ಕೆ ಬಿದ್ದು ಹೊರಳಾಡುತ್ತಾಳೆ. ನೋಡಲು ಹಿಂಸೆಯಾಗುವಂಥ ದೃಶ್ಯ. ಅದರಲ್ಲಿ ಚೂರೂ ಚಂದ ಇಲ್ಲ, ಅವರು ಚಂದ ಕಾಣಲು ಪ್ರಯತ್ನವನ್ನೂ ಪಟ್ಟಿಲ್ಲ.

ಕೊನೆಯಲ್ಲಿ ಗಂಡ ಸೋತು ಬಂದಿದ್ದಾನೆ. ಯಾರಲ್ಲೂ ನಂಬಿಕೆ ಉಳಿದಿಲ್ಲ ಅಂತ ಅಳುತ್ತಾನೆ. ಮಗುವಿಗೆ ಮಾಡುವಂತೆ ಇವಳು ಅವನನ್ನು ಮಲಗಿಸುತ್ತಾಳೆ. ಆಮೇಲೆ ಆ ಮಾತು. ತನ್ನ ಅಮ್ಮ ಈ ಮದುವೆ ಬೇಡ ಅಂದಿದ್ದಳು. ಇವನು ಲೋಕದ ಕಣ್ಣಿಗೆ ಹುಚ್ಚ, ಊರೆಲ್ಲ ನಗುತ್ತಿತ್ತು. ತನಗೂ ಎಲ್ಲ ಗೊತ್ತಿತ್ತು. ಆದರೂ ಇವನ ಜೊತೆ ಸುಖವಾಗಿರುತ್ತೇನೆ ಅಂತ ಅನ್ನಿಸಿತು. ದುಃಖ ಬಹಳ ಇರುತ್ತದೆ ಅಂತ ಗೊತ್ತಿದ್ದೇ ಒಪ್ಪಿದೆ, ಯಾವತ್ತೂ ಪಶ್ಚಾತ್ತಾಪ ಪಟ್ಟಿಲ್ಲ. ದುಃಖ ಇಲ್ಲದಿದ್ದರೆ ಬದುಕು ಇನ್ನೂ ಕಳಪೆಯಾಗುತ್ತಿತ್ತು, ಯಾಕೆಂದರೆ ಆಗ ಸುಖವೂ ಇರುತ್ತಿರಲಿಲ್ಲ. ಸ್ಥೂಲವಾಗಿ ಇದು ಅವಳು ಹೇಳುವುದು.

ಕಾಗದದ ಮೇಲೆ ಈ ಮಾತು ಉಪದೇಶದಂತೆ ಕೇಳಬಹುದು. ಬೇರೆ ಯಾರಾದರೂ ಮಾಡಿದ್ದರೆ ಕಣ್ಣೀರು ಸುರಿಸಿ ಹಾಳು ಮಾಡಿರುತ್ತಿದ್ದರು ಅಂತ ನನಗೆ ಅನ್ನಿಸುತ್ತದೆ. ಫ್ರೇಂಡ್ಲಿಖ್ ಅದನ್ನು ಹೇಳುವುದು ದಣಿದ ಹೆಂಗಸು ಪಕ್ಕದ ಮನೆಯವಳ ಹತ್ತಿರ ಹೇಳಿಕೊಳ್ಳುವ ಧಾಟಿಯಲ್ಲಿ. ನಡುವೆ ಒಂದು ಸಣ್ಣ ನಗು ಬರುತ್ತದೆ. ಶುರುವಿನಲ್ಲಿ ಅಷ್ಟು ಹೊರಳಾಡಿದವಳು ಇಲ್ಲಿ ಹನಿ ಹನಿಯಾಗಿ ಕೊಡುತ್ತಾಳೆ. ನಾನು ಹಿಡಿತ ಅಂದೆನಲ್ಲ, ಅದು ಇಲ್ಲಿದೆ. ಇನ್ನೊಂದು ವಿಷಯ. ಕ್ಯಾಮೆರಾ ಕಡೆ ತಿರುಗಿ ಮಾತಾಡುವುದು ಸಿನಿಮಾ ನಟರಿಗೆ ತುಂಬ ಕಷ್ಟ. ಅವರಿಗೆ ಎದುರು ಯಾರೂ ಇಲ್ಲ ಅಂತ ನಟಿಸುವುದೇ ಅಭ್ಯಾಸ. ರಂಗನಟಿಗೆ ಎದುರಿನ ಕತ್ತಲಲ್ಲಿ ಜನ ಕೂತಿದ್ದಾರೆ ಅನ್ನುವುದು ದಿನದಿನದ ಅನುಭವ. ಆ ಕತ್ತಲಿಗೆ ಮಾತಾಡುವುದು ಅವರಿಗೆ ಗೊತ್ತು.

ಅದೇ ವರ್ಷದ ಕೊನೆಗೆ ಟಿವಿಯಲ್ಲಿ ಹಾಡು ತುಂಬಿದ ‘ಮೂವರು ಮಸ್ಕೆಟಿಯರ್ಸ್’ ಬಂತು. ಅದರಲ್ಲಿ ಅವರು ಫ್ರಾನ್ಸಿನ ರಾಣಿ ಆನ್. ದಾರ್ತನ್ಯಾನ್ ಆದವರು ಮಿಖಾಯಿಲ್ ಬಯಾರ್‌ಸ್ಕಿ, ಲೆನ್‌ಸೊವೆಟ್ಟಿನಲ್ಲಿ ಅವರ ಸಹನಟ. ಪಾತ್ರ ದೊಡ್ಡದಲ್ಲ. ಆದರೆ ಗುಮಾಸ್ತರನ್ನು ಗದರಿಸುವ ಅಧಿಕಾರಿ, ನೆಲದಲ್ಲಿ ಹೊರಳುವ ಬಡವಿ, ವಜ್ರ ತೊಟ್ಟ ರಾಣಿ ಮೂರೂ ಕೆಲವೇ ವರ್ಷಗಳ ಅಂತರದಲ್ಲಿ ಅಂದರೆ, ಹಿಂದೆ ಹೇಳಿದ ರೆಪರ್ಟರಿ ಪಟ್ಟಿ ನೆನಪಾಗುವುದಿಲ್ಲವೇ? 1981ರಲ್ಲಿ ಅವರಿಗೆ ಸೋವಿಯತ್ ಒಕ್ಕೂಟದ ‘ಜನತಾ ಕಲಾವಿದೆ’ ಬಿರುದು ಬಂತು.

ಅಷ್ಟರಲ್ಲಿ ವ್ಲದಿಮೀರೊವ್ ಜೊತೆಗಿನ ದಾಂಪತ್ಯ ಮುರಿದಿತ್ತು. 1983ರಲ್ಲಿ ಅವರು ಲೆನ್‌ಸೊವೆಟ್ ಬಿಟ್ಟು ಅದೇ ಊರಿನ ಫಂತಾಂಕಾ ನದಿ ದಂಡೆಯ ಬಲ್ಶೋಯ್ ನಾಟಕ ಮಂದಿರಕ್ಕೆ ಹೋದರು. ಅಲ್ಲಿ ನಿರ್ದೇಶಕ ಗಿಯೋರ್ಗಿ ತೊವ್‌ಸ್ತನೋಗೊವ್. ದೇಶದ ಅತಿ ದೊಡ್ಡ ನಟರ ಗುಂಪು ಅವರ ಕೈಯಲ್ಲಿತ್ತು. 22 ವರ್ಷ ತನಗಾಗಿಯೇ ನಾಟಕ ಆರಿಸುತ್ತಿದ್ದ ಮನೆ ಬಿಟ್ಟು, ನಲವತ್ತೆಂಟರಲ್ಲಿ ಎಲ್ಲರೂ ದೊಡ್ಡವರೇ ಇರುವ ಕಡೆ ಹೊಸಬಳಾಗಿ ಹೋಗುವುದಕ್ಕೆ ಧೈರ್ಯ ಬೇಕು.

ಅಲ್ಲಿ ಮೊದಲು ಸಿಕ್ಕಿದ್ದು ನೀಲ್ ಸೈಮನ್‌ನ ಒಂದು ಹಾಸ್ಯ ನಾಟಕ. ವಯಸ್ಸಾಗುತ್ತಿರುವ ಗಂಡಸೊಬ್ಬ ಒಂದೊಂದು ಅಂಕದಲ್ಲಿ ಒಬ್ಬೊಬ್ಬ ಹೆಂಗಸನ್ನು ಅಮ್ಮನ ಖಾಲಿ ಮನೆಗೆ ಕರೆಯುತ್ತಾನೆ. ಮೂವರು ಹೆಂಗಸರೂ ಬೇರೆ ಬೇರೆ ಸ್ವಭಾವದವರು. ಮೂವರ ಪಾತ್ರವನ್ನೂ ಫ್ರೇಂಡ್ಲಿಖ್ ಒಬ್ಬರೇ ಮಾಡಿದರು. ಎದುರಿಗೆ ಸ್ತ್ರ್‌ಜೆಲ್ಚಿಕ್ ಎಂಬ ಹಿರಿಯ ನಟರು. ಹೊಸ ಮನೆಯವರಿಗೆ ತನ್ನ ಪರಿಚಯ ಮಾಡಿಕೊಡಲು ಇದಕ್ಕಿಂತ ಒಳ್ಳೆಯ ದಾರಿ ಇರಲಿಲ್ಲ. ತೊವ್‌ಸ್ತನೋಗೊವ್ 1989ರಲ್ಲಿ ತೀರಿಕೊಂಡರು. ಫ್ರೇಂಡ್ಲಿಖ್ ಆ ಮಂದಿರ ಬಿಡಲಿಲ್ಲ. ಅರವತ್ತರ ಹೊತ್ತಿಗೆ ಅಲ್ಲಿ ಲೇಡಿ ಮ್ಯಾಕ್‌ಬೆತ್ ಆದರು.

1984ರ ‘ಕ್ರೂಯಲ್ ರೊಮಾನ್ಸ್’ ಬಗ್ಗೆ ಹೇಳಲೇಬೇಕು. ಮತ್ತೆ ರಿಯಾಜಾನೊವ್. ಅಸ್ತ್ರೋವ್‌ಸ್ಕಿಯ ‘ವರದಕ್ಷಿಣೆ ಇಲ್ಲದವಳು’ ನಾಟಕದ ಮೇಲೆ ಮಾಡಿದ್ದು. ವೋಲ್ಗಾ ದಂಡೆಯ ಒಂದು ಊರು. ಗಂಡ ಸತ್ತ ಖರೀತಾ ಇಗ್ನಾತ್ಯೆವ್ನಾಗೆ ಹೆಣ್ಣುಮಕ್ಕಳು. ಕೈಯಲ್ಲಿ ದುಡ್ಡಿಲ್ಲ. ಮನೆ ಬಾಗಿಲು ತೆರೆದಿಟ್ಟು, ಹಾಡು ಕುಣಿತ ಇಟ್ಟು, ಶ್ರೀಮಂತ ಗಂಡಸರನ್ನು ಬರಮಾಡಿಕೊಂಡು, ಅವರಿಂದಲೇ ಕಾಣಿಕೆ ವಸೂಲಿ ಮಾಡಿ ಮಕ್ಕಳ ಮದುವೆ ಸಾಗಿಸುತ್ತಾಳೆ. ನಾಟಕ ಓದಿದರೆ ಇವಳು ಮಗಳನ್ನು ಮಾರುವ ತಾಯಿ. ಹಾಗೆ ಮಾಡಿದರೆ ಪಾತ್ರ ಸುಲಭ.

ಫ್ರೇಂಡ್ಲಿಖ್ ಅವರ ಖರೀತಾ ಅತಿಥಿಗಳೆದುರು ನಗುತ್ತಲೇ ಇರುತ್ತಾಳೆ, ಕಣ್ಣು ಮಾತ್ರ ಲೆಕ್ಕ ಹಾಕುತ್ತಿರುತ್ತದೆ. ದುಡ್ಡು ಕೇಳುವ ಮೊದಲು ಮುಖದಲ್ಲಿ ನಾಚಿಕೆ ಒಂದು ಕ್ಷಣ ಹಾದುಹೋಗುತ್ತದೆ. ಅದನ್ನು ನುಂಗಿಕೊಂಡು ಕೇಳುತ್ತಾಳೆ. ನಮ್ಮ ಕಡೆಯ ಮದುವೆ ಮಾತುಕತೆಗಳಲ್ಲಿ ಇಂಥ ತಾಯಂದಿರನ್ನು ನೋಡಿಲ್ಲದವರು ಯಾರಿದ್ದೀರಿ? ಅವಳು ಮಾಡುತ್ತಿರುವುದು ತಪ್ಪು ಅಂತ ಗೊತ್ತಿದ್ದೂ ನಮಗೆ ಅವಳ ಮೇಲೆ ಸಿಟ್ಟು ಬರುವುದಿಲ್ಲ, ಎದೆ ಭಾರವಾಗುತ್ತದೆ. ನನ್ನ ಮಟ್ಟಿಗೆ ಆ ಸಿನಿಮಾದ ಕೇಂದ್ರ ಇರುವುದು ಮಗಳಲ್ಲಿ ಅಲ್ಲ, ಈ ತಾಯಿಯಲ್ಲಿ.

ವಯಸ್ಸಾದ ಮೇಲಿನ ಕೆಲಸವನ್ನು ಬೇಗ ಹೇಳುತ್ತೇನೆ. ಎಪ್ಪತ್ತರ ಆಸುಪಾಸಿನಲ್ಲಿ ಅವರು ಲೆನ್‌ಸೊವೆಟ್ಟಿಗೆ ಅತಿಥಿಯಾಗಿ ಮರಳಿ ‘ಆಸ್ಕರ್ ಮತ್ತು ಗುಲಾಬಿ ಅಜ್ಜಿ’ ಮಾಡಿದರು. ಫ್ರೆಂಚ್ ಲೇಖಕ ಎರಿಕ್ ಇಮ್ಯಾನುಯೆಲ್ ಶ್ಮಿಟ್ ಬರೆದದ್ದು. ಆಸ್ಪತ್ರೆಯಲ್ಲಿ ಸಾಯುತ್ತಿರುವ ಹತ್ತು ವರ್ಷದ ಹುಡುಗ, ಅವನನ್ನು ನೋಡಲು ಬರುವ ಮುದುಕಿ. ರಂಗದ ಮೇಲೆ ಒಬ್ಬರೇ. ಹುಡುಗನೂ ಅವರೇ, ಮುದುಕಿಯೂ ಅವರೇ. ಇಪ್ಪತ್ತರಲ್ಲಿ ಇವರಿಗೆ ಹುಡುಗರ ಪಾತ್ರವೇ ಗತಿ ಅಂದುಕೊಂಡಿದ್ದರಲ್ಲ, ಎಪ್ಪತ್ತರಲ್ಲಿ ಅದನ್ನು ತಾವೇ ಆರಿಸಿಕೊಂಡರು. 2005ರಲ್ಲಿ ‘ಮೇಲಿನ ಮಾಸ್ಲೋವ್ಕಾದಲ್ಲಿ’ ಅನ್ನುವ ಸಿನಿಮಾ ಬಂತು. ಅದರಲ್ಲಿ ಅವರು 87ರ ಶಿಲ್ಪಿ. ನಾಲಿಗೆ ಚುರುಕು, ಕಾಲು ನಿಲ್ಲದು, ಸೋಲಲು ಮನಸ್ಸಿಲ್ಲದ ಮುದುಕಿ. ತನಗಿಂತ ಹದಿನೇಳು ವರ್ಷ ದೊಡ್ಡವಳಾಗಿ ನಟಿಸುವುದು ಎಷ್ಟೋ ನಟಿಯರಿಗೆ ಒಪ್ಪಿಗೆಯಾಗದ ವಿಷಯ.

2019ರಲ್ಲಿ, 84 ವಯಸ್ಸಿನಲ್ಲಿ, ಬಲ್ಶೋಯ್ ಮಂದಿರದಲ್ಲಿ ನಾಟಕಕಾರ ಇವಾನ್ ವಿರಿಪಾಯೆವ್ ಫ್ರೇಂಡ್ಲಿಖ್ ಅವರಿಗಾಗಿಯೇ ಬರೆದು ನಿರ್ದೇಶಿಸಿದ ಹೊಸ ನಾಟಕ ‘ವೊಲ್ನೇನಿಯೆ’ (ತಳಮಳ) ಮಾಡಿದರು. ಪ್ರಸಿದ್ಧ ಲೇಖಕಿಯೊಬ್ಬಳ ಸಂದರ್ಶನಕ್ಕೆ ಪತ್ರಕರ್ತ ಬರುತ್ತಾನೆ. ಹಳೆಯ ನಾಟಕ ಅಲ್ಲ, ಹಳೆಯ ಪಾತ್ರದ ಪುನರಾವರ್ತನೆ ಅಲ್ಲ. ಹೊಸ ಮಾತು, ಬಾಯಿಪಾಠ ಮಾಡಬೇಕು, ದೊಡ್ಡ ಸಭೆಯೆದುರು ಹೇಳಬೇಕು.

ಇಲ್ಲಿ ಮುಂದಿನ ಸಾಲಿನಲ್ಲಿ ಕೂತ ವಿದ್ಯಾರ್ಥಿಗಳು ಮೊದಲೇ ಕೇಳಿದ್ದರು, ಯಾವುದರಿಂದ ಶುರು ಮಾಡಬೇಕು ಅಂತ. ನನ್ನ ಸಲಹೆ, ‘ಆಫೀಸ್ ರೊಮಾನ್ಸ್’ ಮೊದಲು. ಅದೇ ವಾರ ‘ಸ್ಟಾಕರ್’ ನೋಡಿ. ಜಾಸ್ತಿ ದಿನ ಬಿಡಬೇಡಿ, ಎರಡರಲ್ಲೂ ಇರುವುದು ಒಬ್ಬರೇ ಅಂತ ಆಗ ಮಾತ್ರ ನಂಬಲು ಕಷ್ಟವಾಗುತ್ತದೆ. ಆಮೇಲೆ ‘ಕ್ರೂಯಲ್ ರೊಮಾನ್ಸ್’. ಕ್ಯಾಥರೀನಾ ಆಗಿದ್ದ ನಾಟಕದ ಟಿವಿ ರೂಪವೊಂದು 1970ರ ದಶಕದ್ದು ಇದೆ, ಸಿಕ್ಕರೆ ಬಿಡಬೇಡಿ. ಡಬ್ ಮಾಡಿದ ಪ್ರತಿ ಮಾತ್ರ ಬೇಡ. ಉಪಶೀರ್ಷಿಕೆ ಹಾಕಿಕೊಂಡು ಮೂಲ ಧ್ವನಿಯಲ್ಲೇ ನೋಡಿ. ಕಲೂಗಿನಾ ಅಳುವ ದೃಶ್ಯ ಬಂದಾಗ ಒಂದು ನಿಮಿಷ ಉಪಶೀರ್ಷಿಕೆ ಓದುವುದನ್ನೂ ಬಿಟ್ಟು, ಬರೀ ಕೇಳಿಸಿಕೊಳ್ಳಿ.